ಗೇಣು ಮೇಲೆ ನಾಲ್ಕು ಬೆರಳು

ನಮ್ಮ ಕಚೇರಿಯ ನೆಲದಡಿ ನೀರಿನ ಕೊಳವೆ ಒಡೆಯದೆ ಹೋಗಿದ್ದರೆ ನಾನು ಇವತ್ತಿಗೂ ಶೇಕಡಾವಾರು ಲೆಕ್ಕ ಹಾಕಿಕೊಂಡು, ಅಕ್ಕನ ಜೊತೆ ವಾದಕ್ಕೆ ನಿಂತು ಗೆದ್ದುಕೊಂಡು, ಹಾಯಾಗಿ ಇರುತ್ತಿದ್ದೆ. ಹಾಳು ಕೊಳವೆ ಒಡೆಯಿತು. ಅದಾದ ಮೇಲಿನ ಕಥೆಯನ್ನು ಯಾರಿಗೆ ಹೇಳಿದರೂ ಏನೂ ಆಗುವುದಿಲ್ಲ ಎಂದು ಗೊತ್ತು. ಹೇಳದೆ ಇದ್ದರೆ ಹೊಟ್ಟೆ ಉಬ್ಬರಿಸುತ್ತದೆ, ಅದಕ್ಕೆ ಹೇಳುತ್ತಿದ್ದೇನೆ.

ನಾನು ಬೆಳೆ ಅಂಕಿಅಂಶ ಕಚೇರಿಯ ಧಾನ್ಯ ವಿಭಾಗದಲ್ಲಿ ಗುಮಾಸ್ತೆ. ಇಪ್ಪತ್ತಾರು ವರ್ಷದಿಂದ ಅದೇ ಮೇಜು, ಅದೇ ಕುಂಟು ಕಾಲಿನ ಕುರ್ಚಿ. ದೇಶದಲ್ಲಿ ಈ ವರ್ಷ ಗೋಧಿ ಎಷ್ಟಾಯಿತು, ಬಾರ್ಲಿ ಎಷ್ಟಾಯಿತು, ಹೋದ ವರ್ಷಕ್ಕಿಂತ ಎಷ್ಟು ಹೆಚ್ಚು, ಎಷ್ಟು ಕಡಿಮೆ ಎಂಬ ಅಂಕಿ ನನ್ನ ಕೈ ದಾಟದೆ ಹೊರಗೆ ಹೋಗುವುದಿಲ್ಲ. ಮಾತೆತ್ತಿದರೆ ಶೇಕಡಾ ಎನ್ನುತ್ತೇನೆಂದು ಕಚೇರಿಯವರು ನನ್ನನ್ನು ಶೇಕಡಕ್ಕ ಎಂದು ಕರೆಯುತ್ತಾರೆ. ಅಕ್ಕನ ಗಂಡ, ಅಂದರೆ ನನ್ನ ಭಾವ, ಅದೇ ಕಚೇರಿಯಲ್ಲಿ ಅಳತೆ ಮೇಸ್ತ್ರಿ. ಅವರಿಗೆ ಹಗ್ಗದಪ್ಪ ಎಂದು ಹೆಸರು. ಆ ಹೆಸರಿಟ್ಟವಳು ನಾನೇ.

ಹಗ್ಗ ಯಾಕೆಂದರೆ, ದೇಶದ ಹೊಲವನ್ನೆಲ್ಲ ಕೊಯ್ದು ತೂಗುವುದು ಯಾರಪ್ಪನಿಂದಲೂ ಆಗದ ಕೆಲಸ. ಅದಕ್ಕೇ ಚೀಟಿ ಎತ್ತಿ ಕೆಲವು ಸಾವಿರ ಹೊಲಗಳನ್ನು ಆರಿಸುತ್ತೇವೆ. ಒಂದೊಂದು ಹೊಲದ ನಡುವೆ ಐದು ಮೀಟರ್ ಉದ್ದ, ಐದು ಮೀಟರ್ ಅಗಲದ ಚೌಕ ಗುರುತು ಮಾಡಿ, ಅದರೊಳಗಿನ ಪೈರನ್ನು ಮಾತ್ರ ಕೊಯ್ದು, ಬಡಿದು, ತೂರಿ, ಕಾಳು ತೂಗುತ್ತೇವೆ. ಇಪ್ಪತ್ತೈದು ಚದರ ಮೀಟರಿಗೆ ಇಷ್ಟು ಕಾಳಾದರೆ ಇಡೀ ದೇಶಕ್ಕೆ ಎಷ್ಟು ಎಂದು ಗುಣಿಸುವುದು ನನ್ನ ಕೆಲಸ. ಚೌಕ ಗುರುತು ಮಾಡುವುದು ಹಗ್ಗದಿಂದ. ತಗಡಿನ ಟೇಪು ಪೈರಿನಲ್ಲಿ ಸಿಕ್ಕಿ ಮುರಿಯುತ್ತದೆ, ನಾರಿನ ಹಗ್ಗಕ್ಕೆ ಆ ಗೋಳಿಲ್ಲ. ಐದೈದು ಮೀಟರಿಗೆ ಒಂದು ಗಂಟು, ನಾಲ್ಕು ಮೂಲೆಗೆ ನಾಲ್ಕು ಗೂಟ, ಸುತ್ತಿಬಿಟ್ಟರೆ ಚೌಕ ಆಯಿತು.

ಈ ಹಗ್ಗಗಳು ವರ್ಷಕ್ಕೊಮ್ಮೆ ನಮ್ಮ ಕಚೇರಿಯ ಕಾರಿಡಾರಿನಲ್ಲೇ ಹೊಸದಾಗಿ ತಯಾರಾಗುತ್ತವೆ. ಹಳೆಯವನ್ನು ಸುಡಬೇಕೆಂದು ನಿಯಮ. ಹೊಸವಕ್ಕೆ ಅಳತೆ ಕೊಡುವ ಹಗ್ಗ ಒಂದೇ ಒಂದು, ಮರದ ಪೆಟ್ಟಿಗೆಯಲ್ಲಿ ಬಟ್ಟೆ ಸುತ್ತಿ ಇಟ್ಟಿರುವಂಥದ್ದು. ಅದನ್ನು ನಾವು ತಾಯಿ ಹಗ್ಗ ಎನ್ನುತ್ತೇವೆ. ಅದರ ಎರಡು ತುದಿಯಲ್ಲಿ ಎರಡು ಗಂಟು, ನಡುವೆ ಐದು ಮೀಟರ್. ತಾಯಿ ಹಗ್ಗವನ್ನು ಎಳೆದು ಹಿಡಿದು, ಅದರ ಪಕ್ಕಕ್ಕೆ ಹೊಸ ಹಗ್ಗ ಹಾಸಿ, ಗಂಟಿಗೆ ಸರಿಯಾಗಿ ಗಂಟು ಹಾಕುತ್ತಾ ಹೋಗುವುದು. ಮೊದಲು ತಾಯಿ ಹಗ್ಗವನ್ನೂ ಪರೀಕ್ಷಿಸುತ್ತಿದ್ದರು. ಕಚೇರಿ ಕಟ್ಟಿದವರು ಕಾರಿಡಾರಿನ ನೆಲದಲ್ಲಿ ಸರಿಯಾಗಿ ಐದು ಮೀಟರ್ ದೂರಕ್ಕೆ ಎರಡು ಹಿತ್ತಾಳೆ ಮೊಳೆ ಹೊಡೆಸಿದ್ದರು. ಹದಿನೆಂಟು ವರ್ಷದ ಹಿಂದೆ ನೆಲಕ್ಕೆ ಟೈಲ್ಸ್ ಹಾಕಿಸಿದಾಗ ಮೊಳೆಗಳು ಅಡಿಗೆ ಹೋದವು. ಆಗಿದ್ದ ಸಾಹೇಬರು, "ಹಗ್ಗಾನೇ ಇದೆಯಲ್ಲ, ಇನ್ನು ಮೊಳೆ ಯಾಕೆ?" ಅಂದರು. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ಜಾತಿ ನಮ್ಮದು. ಸರಿ ಸಾರ್ ಅಂದೆವು.

ಟೇಪು ಹಿಡಿದು ನೋಡಬಹುದಿತ್ತಲ್ಲ ಎಂದು ನೀವು ಕೇಳುತ್ತೀರಿ. ಟೇಪು ಗೋಡೆಯ ಮೊಳೆಯಲ್ಲೇ ನೇತಾಡುತ್ತಿತ್ತು. ಯಾರಿಗೂ ತೋಚಲಿಲ್ಲ. ಅಮ್ಮನ ವಯಸ್ಸು ಸರಿಯೇ ಎಂದು ಯಾರಾದರೂ ಕಾಗದ ಹಿಡಿದು ನೋಡುತ್ತಾರೆಯೇ?

ಅದರ ಮೇಲೆ ಭಾವನ ಶಿಸ್ತು. ಊಟ ಬಿಟ್ಟಾರು, ಬಿಗಿ ಬಿಡುವವರಲ್ಲ. ಹಗ್ಗದ ದಿನ ಒಂದು ತುದಿ ಅವರು ಹಿಡಿದರೆ ಇನ್ನೊಂದು ತುದಿಗೆ ಯಾವಾಗಲೂ ನಾನು, ಯಾಕೆಂದರೆ ವಿಭಾಗದಲ್ಲಿ ಗಟ್ಟಿ ಮೈಯವಳು ನಾನೊಬ್ಬಳೇ. "ಎಳಿ ಶೇಕಡಾ, ಇನ್ನೂ ಎಳಿ. ಸಡಿಲ ಹಗ್ಗ ಸುಳ್ಳು ಹೇಳುತ್ತೆ" ಎನ್ನುತ್ತಿದ್ದರು. ನಾನು ಗೋಡೆಗೆ ಕಾಲು ಕೊಟ್ಟು ಎಳೆಯುತ್ತಿದ್ದೆ. ಅಂಗೈ ಕೆಂಪಾಗುತ್ತಿತ್ತು. ಪ್ರಾಮಾಣಿಕವಾಗಿ ದುಡಿದೆವೆಂದು ಇಬ್ಬರಿಗೂ ಹೆಮ್ಮೆ.

ಕಚೇರಿಯ ಬಾಗಿಲೊಳಗೆ ಬಂದರೆ ಎದುರಿನ ಗೋಡೆಯ ಮೇಲೆ ದೊಡ್ಡ ನಕ್ಷೆ ಇದೆ. ವರ್ಷ ವರ್ಷದ ಧಾನ್ಯದ ಬೆಳೆ, ಕೆಂಪು ಬಣ್ಣದ ಗೆರೆಯಲ್ಲಿ. ಸ್ಟೂಲು ಹತ್ತಿ ಅದನ್ನು ಮುಂದುವರಿಸುವುದೂ ನನ್ನದೇ ಕೆಲಸ. ಹಳೆಯ ಕಾಲದ ಗೆರೆ ಏಳುತ್ತಿತ್ತು, ಬೀಳುತ್ತಿತ್ತು, ಒಟ್ಟಿನಲ್ಲಿ ಇದ್ದಲ್ಲೇ ಇರುತ್ತಿತ್ತು. ಈ ಹದಿನೆಂಟು ವರ್ಷದಲ್ಲಿ ಮಾತ್ರ ಕೊಂಚ ಬಿದ್ದರೂ ಮತ್ತೆ ಎದ್ದು, ಏರುತ್ತಲೇ ಹೋಗಿ ಶೇಕಡಾ ಹನ್ನೆರಡು ಮೇಲಕ್ಕೆ ಹೋಗಿತ್ತು. ಈ ವರ್ಷ ಗೆರೆ ಇನ್ನೊಂದು ಚೂರು ಏರಿದರೆ ಸರ್ಕಾರ ನಿಗದಿ ಮಾಡಿದ ಮಟ್ಟ ದಾಟುತ್ತಿತ್ತು. ದಾಟಿದರೆ ಬರಗಾಲಕ್ಕೆಂದು ಕೂಡಿಟ್ಟ ಮೀಸಲು ಉಗ್ರಾಣಗಳ ಗೋಧಿಯನ್ನು ಹೊರದೇಶಕ್ಕೆ ಕಳಿಸಬಹುದೆಂದು ಆದೇಶವಾಗಿತ್ತು. ದೇಶದಲ್ಲಿ ಬೆಳೆ ಹೆಚ್ಚಿರುವಾಗ ಉಗ್ರಾಣ ಯಾಕೆ ಎಂಬ ತರ್ಕ. ಆ ತರ್ಕಕ್ಕೆ ಅಂಕಿ ಕೊಟ್ಟವಳು ನಾನು.

ಇನ್ನು ಅಕ್ಕ. ಅವಳು ಹಿಟ್ಟಿನ ಗಿರಣಿಯಲ್ಲಿ ಚೀಲದ ಬಾಯಿ ಹೊಲಿಯುವವಳು. ದಪ್ಪ ಸೂಜಿ, ಸುತಳಿ ದಾರ, ದಿನಕ್ಕೆ ಮುನ್ನೂರು ಚೀಲ. ಅದು ಹಿಂದಿನ ಮಾತು. ಆಮೇಲೆ ಇನ್ನೂರಾಯಿತು, ಆಮೇಲೆ ವಾರದಲ್ಲಿ ಮೂರು ದಿನ ಗಿರಣಿಗೇ ರಜೆ.

"ಬೆಳೆ ಜಾಸ್ತಿ ಆಗಿದೆ ಅಂತೀಯ. ಹಾಗಾದ್ರೆ ನಮ್ಮ ಗಿರಣಿಗೆ ಗೋಧಿ ಯಾಕೆ ಬರ್ತಿಲ್ಲ?" ಎಂದು ಕೇಳುತ್ತಿದ್ದಳು.

"ನಿನ್ನ ಗಿರಣಿ ಒಂದು ಅಕ್ಕ. ದೇಶ ದೊಡ್ಡದು. ಸರಾಸರಿ ಅನ್ನೋದು ಒಂದು ಇರುತ್ತೆ."

"ನಿನ್ನ ಸರಾಸರೀನ ನಾದಿ ಬೇಯಿಸೋಕಾಗುತ್ತಾ?"

ನಾನು ನಗುತ್ತಿದ್ದೆ. ಭಾವನೂ ನಗುತ್ತಿದ್ದರು. ಸೂಜಿ ಹಿಡಿದವಳಿಗೆ ದೇಶದ ಲೆಕ್ಕ ಹೇಗೆ ತಿಳಿಯಬೇಕು ಎಂಬ ನಗು. ಅದನ್ನು ನೆನೆದರೆ ಈಗ ನನ್ನ ಕೆನ್ನೆಗೆ ನಾನೇ ಹೊಡೆದುಕೊಳ್ಳಬೇಕು ಅನಿಸುತ್ತದೆ.

ಕೊಳವೆ ಒಡೆದದ್ದು ಸೋಮವಾರ. ರಿಪೇರಿಯವನು ಬಂದು ಕಾರಿಡಾರಿನ ಉದ್ದಕ್ಕೂ ಟೈಲ್ಸ್ ಕಿತ್ತು ಹಾಕಿದ. ಮಧ್ಯಾಹ್ನದ ಹೊತ್ತಿಗೆ ನನ್ನನ್ನು ಕರೆದು, "ಅಕ್ಕಾ, ಇಲ್ಲೇನೋ ಹಳದಿ ಹೊಳೀತಿದೆ. ಚಿನ್ನ ಆದ್ರೆ ಅರ್ಧ ನಂದು" ಎಂದ.

ನೋಡಿದರೆ ಹಿತ್ತಾಳೆ ಮೊಳೆ. ಆಚೆ ತುದಿಯಲ್ಲಿ ಇನ್ನೊಂದು. ಭಾವನಿಗೆ ಕೂಗಿ ಹೇಳಿದೆ. ಬಾಲ್ಯದ ಗೆಳೆಯರು ಸಿಕ್ಕವರ ಹಾಗೆ ಓಡಿ ಬಂದರು, ಮಂಡಿಯೂರಿ ಕೂತು ಕರವಸ್ತ್ರದಿಂದ ಮೊಳೆ ಒರೆಸಿದರು.

"ಹೊಸಬನಾಗಿದ್ದಾಗ ಇದೇ ಮೊಳೆ ಮೇಲೆ ಅಳೆದಿದ್ದೆ ಕಣಮ್ಮ. ಪೆಟ್ಟಿಗೆ ತಗೊಂಡು ಬಾ, ತಾಯೀನ ತವರಿಗೆ ಕರ್ಕೊಂಡು ಬರೋಣ" ಎಂದರು.

ತಾಯಿ ಹಗ್ಗ ತಂದೆ. ಅವರು ಒಂದು ಗಂಟನ್ನು ಆ ಮೊಳೆಯ ಮೇಲೆ ಒತ್ತಿ ಹಿಡಿದರು. ನಾನು ಈ ತುದಿಯಿಂದ ಎಳೆದೆ. ನನ್ನ ಕೈಯಲ್ಲಿದ್ದ ಗಂಟು ಮೊಳೆಯನ್ನು ದಾಟಿ ಮುಂದೆ ಹೋಗಿ ನಿಂತಿತು.

"ನಿನ್ನ ಕಡೆ ಸರಿಯಾಗಿ ಹಿಡಿ."

"ಸರಿಯಾಗೇ ಹಿಡಿದಿದ್ದೀನಿ ಭಾವ. ನಿಮ್ಮ ಕಡೆ ನೋಡಿ."

ತುದಿ ಬದಲಾಯಿಸಿಕೊಂಡೆವು. ಅದೇ. ಅವರು ತಮ್ಮ ಕಡೆಯ ಗಂಟಿನ ಮೇಲೆ ಪೆಟ್ಟಿಗೆ ಹೇರಿ, ಎದ್ದು ಬಂದು ನನ್ನ ಪಕ್ಕ ಕೂತರು. ಮೊಳೆಯ ಮೇಲೆ ಹೆಬ್ಬೆರಳಿಟ್ಟು ಕೈ ಅಗಲಿಸಿದರು. ಕಿರುಬೆರಳಿನ ತುದಿಯಾಚೆಗೂ ಹಗ್ಗ ಉಳಿದಿತ್ತು. ಅಲ್ಲಿ ಇನ್ನೊಂದು ಕೈಯ ನಾಲ್ಕು ಬೆರಳು ಜೋಡಿಸಿಟ್ಟರು. ಆಗ ಗಂಟು ಸಿಕ್ಕಿತು. ಗೋಡೆಯ ಟೇಪು ತಂದು ಮೊಳೆಯಿಂದ ಮೊಳೆಗೆ ಹಿಡಿದೆ. ಐದು ಮೀಟರ್, ಕೂದಲೆಳೆ ಹೆಚ್ಚಿಲ್ಲ, ಕಡಿಮೆಯಿಲ್ಲ. ಹಗ್ಗಕ್ಕೆ ಹಿಡಿದೆ. ಐದು ಮೀಟರ್ ಮೂವತ್ತು ಸೆಂಟಿಮೀಟರ್.

ರಿಪೇರಿಯವನು ಸುತ್ತಿಗೆ ಕೆಳಗಿಟ್ಟು, "ಏನಾಯ್ತು ಸಾರ್, ನೆಲ ಕುಗ್ಗಿದೆಯಾ?" ಎಂದು ಕೇಳಿದ.

"ಹೂಂ ಕಣಪ್ಪ. ನೆಲ ಕುಗ್ಗಿದೆ" ಎಂದರು ಭಾವ. ಆಮೇಲೆ ಪೆನ್ಸಿಲು ತೆಗೆದು, ಎರಡು ಮೊಳೆಯ ನೇರಕ್ಕೆ ಗೋಡೆಯ ಬುಡದಲ್ಲಿ ಎರಡು ಸಣ್ಣ ಗುರುತು ಹಾಕಿದರು. ಟೈಲ್ಸ್ ಮತ್ತೆ ಮುಚ್ಚುತ್ತದೆ ಎಂದು ಅವರಿಗೆ ಆಗಲೇ ಹೊಳೆದಿರಬೇಕು.

ನಾನು ಮೇಜಿಗೆ ಹೋಗಿ ಲೆಕ್ಕ ಹಾಕಿದೆ. ಬೇರೆ ಏನು ಮಾಡಲು ಬರುತ್ತದೆ ನನಗೆ? ಐದು ಮೂವತ್ತನ್ನು ಐದು ಮೂವತ್ತರಿಂದ ಗುಣಿಸಿದರೆ ಇಪ್ಪತ್ತೆಂಟು ಚಿಲ್ಲರೆ. ಇಪ್ಪತ್ತೈದು ಚದರ ಮೀಟರಿನ ಕಾಳು ಎಂದು ಬರೆದುಕೊಂಡು ಇಪ್ಪತ್ತೆಂಟು ಚದರ ಮೀಟರಿನ ಕಾಳು ತೂಗುತ್ತಿದ್ದೆವು. ಶೇಕಡಾ ಹನ್ನೆರಡು ಹೆಚ್ಚು. ಹದಿನೆಂಟು ವರ್ಷದಲ್ಲಿ ಬೆಳೆ ಏರಿದ್ದೂ ಅಷ್ಟೇ, ಶೇಕಡಾ ಹನ್ನೆರಡು. ಒಂದರಿಂದ ಒಂದು ಕಳೆದರೆ ಸೊನ್ನೆ. ವರ್ಷಕ್ಕೊಂದು ಬೆರಳಿನಂತೆ ಹಗ್ಗ ಬೆಳೆದಿತ್ತು, ನಾವಿಬ್ಬರು ಎಳೆದೆಳೆದು ಬೆಳೆಸಿದ್ದೆವು. ಹೊಲದಲ್ಲಿ ಒಂದು ಕಾಳೂ ಹೆಚ್ಚು ಬೆಳೆದಿರಲಿಲ್ಲ. ತಿನ್ನುವ ಬಾಯಿಗಳು ಮಾತ್ರ ಅಷ್ಟೂ ವರ್ಷ ಹೆಚ್ಚುತ್ತಲೇ ಇದ್ದವು. ಸಂತೋಷ ಹೆಚ್ಚಾದವರಿಗೆ ಸ್ವರ್ಗ ಮೂರೇ ಗೇಣು ಎನ್ನುತ್ತಾರೆ. ನಮ್ಮ ದೇಶದ ಸ್ವರ್ಗ ಅಷ್ಟು ದೂರವೂ ಇರಲಿಲ್ಲ, ಗೇಣು ಮೇಲೆ ನಾಲ್ಕು ಬೆರಳು.

ನನಗೆ ಅಳು ಬರಲಿಲ್ಲ, ನಾಚಿಕೆಯಾಯಿತು. ಮೇಜಿನ ಕೆಳಗೆ ಹೋಗಿ ಕೂರಬೇಕು ಎನ್ನುವಷ್ಟು ನಾಚಿಕೆಯಾಯಿತು.

ಅವತ್ತು ಸಂಜೆ ಭಾವನ ಜೊತೆಗೇ ಅವರ ಮನೆಗೆ ಹೋದೆ. ಅಕ್ಕ ಅಡುಗೆಮನೆಯಲ್ಲಿ ಹಿಟ್ಟು ಜರಡಿ ಹಿಡಿಯುತ್ತಿದ್ದಳು. ಮೊದಲಾಗಿದ್ದರೆ ಜರಡಿಯಲ್ಲಿ ಉಳಿದ ತೌಡನ್ನು ಆಚೆ ಸುರಿಯುತ್ತಿದ್ದಳು. ಈಗ ಅದನ್ನೂ ಹಿಟ್ಟಿನ ಡಬ್ಬಿಗೇ ತಟ್ಟಿ ಹಾಕಿದಳು. ಭಾವ ಬಾಗಿಲ ಬಳಿ ನಿಂತೇ ಎಲ್ಲ ಹೇಳಿದರು. ಒಂದು ಮಾತನ್ನೂ ನುಂಗಲಿಲ್ಲ. ಅವಳು ಜರಡಿ ಕೆಳಗಿಟ್ಟು ಕೈ ಒರೆಸಿಕೊಂಡಳು.

"ಹಾಗಾದ್ರೆ ನಾನು ದಡ್ಡಿ ಅಲ್ಲ" ಎಂದಳು.

ಇಬ್ಬರೂ ತಲೆ ತಗ್ಗಿಸಿದೆವು.

"ಹದಿನೆಂಟು ವರ್ಷ ನಕ್ಕಿದ್ರಿ, ಇಬ್ಬರೂ. ಅಂಗೈ ಹುಣ್ಣಿಗೆ ಕನ್ನಡಿ ತೋರಿಸಿ, ಹುಣ್ಣೇ ಇಲ್ಲ ಅಂತ ಹೇಳಿದ್ರಿ." ಇನ್ನೂ ಬೈಯುತ್ತಾಳೆ ಎಂದು ಕಾದೆ. ಬೈಯಲಿಲ್ಲ. "ಈಗ ಏನು ಮಾಡ್ತೀರಿ ರೀ?" ಎಂದು ಗಂಡನನ್ನು ಕೇಳಿದಳು.

"ಶುಕ್ರವಾರ ಈ ವರ್ಷದ ಅಂಕಿಗೆ ಸಹಿ ಬೀಳುತ್ತೆ. ಬಿದ್ರೆ ಉಗ್ರಾಣದ ಗೋಧಿ ಹೊರಡುತ್ತೆ. ಅಷ್ಟರೊಳಗೆ ಸಾಹೇಬರ ಹತ್ರ ಹೋಗಿ ತಪ್ಪು ನಂದು ಅಂತ ಬರೆದು ಕೊಡ್ತೀನಿ."

"ನಿಮಗೆ ಇನ್ನು ಇರೋದು ಎರಡು ತಿಂಗಳ ನೌಕರಿ. ಹೋಗ್ತಾ ಕೆಟ್ಟ ಹೆಸರು ಹೊತ್ಕೊಂಡು ಹೋಗ್ತೀರಾ?"

"ಹೆಸರು ಹೋದ್ರೆ ಹೋಗ್ಲಿ. ಉಗ್ರಾಣ ಉಳೀಲಿ."

ಅಕ್ಕ ಮತ್ತೆ ಜರಡಿ ಎತ್ತಿಕೊಂಡಳು. "ಬರೀರಿ ಹಾಗಾದ್ರೆ. ಕೈ ನಡುಗದ ಹಾಗೆ ಬರೀರಿ" ಎಂದಳು. ಆ ಮನುಷ್ಯನನ್ನು ಹಗ್ಗದಪ್ಪ ಎಂದು ಅಷ್ಟು ವರ್ಷ ಆಡಿಕೊಂಡಿದ್ದೆ ನಾನು.

ಮಂಗಳವಾರ, ಬುಧವಾರ ಎರಡೂ ದಿನ ಅವರು ಬರೆದರು, ಹರಿದರು, ಬರೆದರು. ಬರೆಯದ ಹೊತ್ತಿನಲ್ಲಿ ಗೇಣು ಹಾಕುತ್ತಿದ್ದರು. ಮೇಜು ಎಷ್ಟು ಗೇಣು, ಕಿಟಕಿ ಎಷ್ಟು ಗೇಣು, ಬೀರು ಎಷ್ಟು. ಕಣ್ಣಿಗೆ ಕಂಡದ್ದನ್ನೆಲ್ಲ ಮತ್ತೆ ಅಳೆಯಬೇಕು ಅನ್ನುವಂತೆ ಕೈ ಅಗಲಿಸಿ ಅಗಲಿಸಿ ಇಡುತ್ತಿದ್ದರು. ನೋಡಲಾಗದೆ ನಾನು ನನ್ನ ಕುರ್ಚಿಯನ್ನು ಗೋಡೆ ಕಡೆ ತಿರುಗಿಸಿಕೊಂಡು ಕೂತೆ.

ಗುರುವಾರ ಬೆಳಿಗ್ಗೆ ಇಬ್ಬರೂ ನಿರ್ದೇಶಕರ ಕೋಣೆಗೆ ಹೋದೆವು. ಅವರು ಕೆಟ್ಟವರಲ್ಲ, ಅದನ್ನೂ ಹೇಳಿಬಿಡುತ್ತೇನೆ. ಕೆಟ್ಟವರಾಗಿದ್ದರೆ ಬೈದುಕೊಂಡಾದರೂ ಸಮಾಧಾನ ಮಾಡಿಕೊಳ್ಳಬಹುದಿತ್ತು. ಕುರ್ಚಿ ತೋರಿಸಿದರು, ನೀರು ತರಿಸಿದರು, ಭಾವನ ಪತ್ರವನ್ನು ಎರಡು ಸಲ ಓದಿದರು, ನನ್ನ ಲೆಕ್ಕವನ್ನು ತಾವೇ ಇನ್ನೊಮ್ಮೆ ಗುಣಿಸಿ ನೋಡಿದರು. ಆಮೇಲೆ ಕನ್ನಡಕ ತೆಗೆದು ಕಣ್ಣು ಉಜ್ಜಿಕೊಂಡರು.

"ಲೆಕ್ಕ ಸರಿಯಿದೆ" ಎಂದರು.

ನನ್ನ ಎದೆ ಹಗುರಾಯಿತು. ಅರ್ಧ ನಿಮಿಷ ಹಗುರಾಗಿತ್ತು ಅನ್ನಿ.

"ಇದನ್ನ ಸರಿ ಮಾಡಿದ್ರೆ ಏನಾಗುತ್ತೆ ಹೇಳಿ ಶೇಕಡಕ್ಕ" ಎಂದು ನನ್ನ ಕಡೆ ತಿರುಗಿದರು.

"ಬೆಳೆ ಶೇಕಡಾ ಹನ್ನೊಂದು ಇಳಿಯುತ್ತೆ ಸಾರ್."

"ಒಂದೇ ವರ್ಷಕ್ಕೆ. ಪ್ರವಾಹ ಇಲ್ಲ, ಬರ ಇಲ್ಲ, ಮಿಡತೆ ಇಲ್ಲ, ಶೇಕಡಾ ಹನ್ನೊಂದು! ಯಾರು ನಂಬ್ತಾರೆ? ಇಲ್ಲಾಂದ್ರೆ ಹದಿನೆಂಟು ವರ್ಷದ ಪುಸ್ತಕ ಅಷ್ಟೂ ತಪ್ಪು ಅಂತ ಬರೀಬೇಕು. ಆ ಪುಸ್ತಕ ನಂಬಿ ರಸ್ತೆ ಆಗಿದೆ, ರೈಲು ಆಗಿದೆ, ಹೊರದೇಶದ ಜೊತೆ ಒಪ್ಪಂದ ಆಗಿದೆ. ನಮಗೆ ಬೇಕಾದದ್ದು ಹೋಲಿಕೆ. ಹೋದ ವರ್ಷ ಯಾವ ಹಗ್ಗಾನೋ ಈ ವರ್ಷವೂ ಅದೇ ಹಗ್ಗ. ಹೋಲಿಕೆ ಕೆಡೋದಿಲ್ಲ."

"ಅದೇ ಹಗ್ಗ ಅಲ್ಲ ಸಾರ್" ಎಂದರು ಭಾವ. "ಒಂದು ಬೆರಳು ಬೆಳೆದ ಹಗ್ಗ."

"ಒಂದು ಬೆರಳು ತಾನೆ?"

"ಸಾರ್, ಉಗ್ರಾಣ ಖಾಲಿಯಾಗುತ್ತೆ. ಒಂದು ಮಳೆ ತಪ್ಪಿದ್ರೆ ಜನಕ್ಕೆ ತಿನ್ನೋಕೆ ಇರಲ್ಲ. ತಪ್ಪು ನಂದು ಅಂತ ಬರೆದಿದ್ದೀನಲ್ಲ, ನನ್ನ ಮೇಲೆ ಹಾಕಿ. ಹಗ್ಗದವನು ಕುಡಿದಿದ್ದ ಅಂತ ಬೇಕಾದ್ರೂ ಹಾಕಿ."

ಭಾವ ಜನ್ಮದಲ್ಲಿ ಕುಡಿದವರಲ್ಲ. ನಿರ್ದೇಶಕರು ಆ ಪತ್ರವನ್ನು ನಾಲ್ಕು ಮಡಿಕೆ ಮಾಡಿದರು, ಎದ್ದು ಬಂದು ಭಾವನ ಅಂಗಿಯ ಜೇಬಿಗೆ ತಾವೇ ಹಾಕಿದರು. ಭುಜ ತಟ್ಟಿದರು.

"ನಿಮ್ಮಂಥ ನಿಯತ್ತಿನವರ ಮೇಲೆ ಇಂಥ ಮಾತು ಬರೋಕೆ ನಾನು ಬಿಡಲ್ಲ. ಈ ಪತ್ರ ನೀವು ಕೊಟ್ಟಿಲ್ಲ, ನಾನು ನೋಡಿಲ್ಲ. ಗೌರವವಾಗಿ ಬಂದ್ರಿ, ಗೌರವವಾಗಿ ಹೋಗಿ."

ಶಿಕ್ಷೆ ಬೇಡಲು ಹೋದವರಿಗೆ ಸಿಕ್ಕಿದ್ದು ಗೌರವ. ನುಂಗಲಾರದ ತುತ್ತು ಅಂದರೆ ಅದು. ಹೊರಗೆ ಬಂದ ಮೇಲೆ ಭಾವ ಜೇಬಿನ ಮೇಲೆ ಕೈಯಿಟ್ಟುಕೊಂಡೇ ನಡೆದರು, ಅಲ್ಲೇನೋ ನೋಯುತ್ತಿರುವ ಹಾಗೆ.

ನಾನು ಸುಮ್ಮನಿರಲಿಲ್ಲ. ಇನ್ನೂ ಮೇಲಿನ ಕಚೇರಿಗೆ ಫೋನು ಮಾಡಿದೆ. ಧಾನ್ಯ ವಿಭಾಗದ ವಿಷಯವನ್ನು ಧಾನ್ಯ ವಿಭಾಗದ ನಿರ್ದೇಶಕರ ಮೂಲಕವೇ ಕಳಿಸಿ ಎಂದರು. ಪತ್ರಿಕೆಯವನೊಬ್ಬನಿಗೆ ಹೇಳಿದೆ. ಅವನು ಪೂರ್ತಿ ಕೇಳಿಸಿಕೊಂಡು, "ಹಗ್ಗ ಉದ್ದ ಆದ್ರೆ ಸುದ್ದಿ ಹೇಗಾಗುತ್ತಮ್ಮ?" ಎಂದ. ಅಲ್ಲಿಗೆ ಗುರುವಾರ ಮುಗಿಯಿತು.

ಶುಕ್ರವಾರ ಹನ್ನೊಂದು ಗಂಟೆಗೆ ಸಹಿ ಬಿತ್ತು. ಹನ್ನೊಂದೂವರೆಗೆ, "ಶೇಕಡಕ್ಕ, ಗೆರೆ ಎಳೀರಿ" ಎಂದು ಹೇಳಿ ಕಳಿಸಿದರು. ನಾನು ಸ್ಟೂಲು ಹತ್ತಿದೆ. ಎಳೆಯಲಾರೆ ಎಂದು ಬಣ್ಣದ ಡಬ್ಬಿ ಬಿಸಾಡಿ ಇಳಿದಿದ್ದರೆ ಈ ಕಥೆಯಲ್ಲಿ ನನಗೊಂದು ಮರ್ಯಾದೆ ಇರುತ್ತಿತ್ತು. ನಾನು ಎಳೆದೆ. ಕೆಂಪು ಗೆರೆ ನೀಟಾಗಿ, ನಡುಗದೆ, ಮಟ್ಟ ದಾಟಿ ಮೇಲೆ ಹೋಯಿತು. ಕೆಳಗಿದ್ದವರು ಚಪ್ಪಾಳೆ ತಟ್ಟಿದರು. ಮುಂದಿನ ವಾರ ಟೈಲ್ಸಿನವರು ಬಂದು ಮೊಳೆ ಮುಚ್ಚಿ ಹೋದರು.

ಅಕ್ಕನ ಮನೆಯ ಹಿಂದೆಯೇ ರೈಲು ಹಳಿ. ಗೋಧಿ ಅದರ ಮೇಲೇ ಹೋಯಿತು, ಆರು ದಿನ. ಗಿರಣಿ ಅಷ್ಟರಲ್ಲಿ ಪೂರ್ತಿ ಮುಚ್ಚಿತ್ತು, ಅಕ್ಕನಿಗೆ ಕೆಲಸವಿರಲಿಲ್ಲ. ಹಿತ್ತಲ ಮೆಟ್ಟಿಲ ಮೇಲೆ ಕೂತು ಹರಿದ ದಿಂಬಿಗೆ ಚೀಲದ ಸೂಜಿಯಲ್ಲೇ ಹೊಲಿಗೆ ಹಾಕುತ್ತಾ ಗಾಡಿ ಎಣಿಸುತ್ತಿದ್ದಳು. ನಾನು ಹೋಗಿ ಪಕ್ಕದಲ್ಲಿ ಕೂತೆ.

"ಎಂಬತ್ತೊಂದು" ಎಂದಳು. ಸ್ವಲ್ಪ ಹೊತ್ತಿನ ಮೇಲೆ, "ಇದರಲ್ಲಿ ಶೇಕಡಾ ಎಷ್ಟು ನಮ್ಮ ಗಿರಣಿಗೆ ಬಂದು ನನ್ನ ಚೀಲ ಸೇರಬಹುದಿತ್ತೇ?" ಎಂದು ಕೇಳಿದಳು. ಅಣಕಿಸಿ ಕೇಳಿದ್ದಲ್ಲ, ನಿಜವಾಗಿಯೇ ಕೇಳಿದ್ದು. ಇಪ್ಪತ್ತಾರು ವರ್ಷದಲ್ಲಿ ಮೊದಲ ಸಲ ನನಗೆ ಶೇಕಡಾ ಹೇಳಲು ಬರಲಿಲ್ಲ.

ನನಗೆ ಒಂದು ಆಸೆ ಉಳಿದಿತ್ತು. ಹೋದದ್ದು ಹೋಯಿತು, ಇನ್ನು ಮುಂದಾದರೂ ಬೆಳೆಯದಿರಲಿ ಎಂದು, ನಾರಿನ ಹಗ್ಗದ ಬದಲು ಉಕ್ಕಿನ ತಂತಿಯ ಹಗ್ಗ ಕೊಡಿಸಬೇಕೆಂದು ಅರ್ಜಿ ಬರೆದೆ. ಕಾರಣ ಬರೆಯಲಿಲ್ಲ, ಬಾಳಿಕೆ ಬರುತ್ತದೆ ಎಂದಷ್ಟೇ ಬರೆದೆ. ಮೂರು ವಾರ ಅಳೆದು ಸುರಿದು ವಾಪಸ್ ಕಳಿಸಿದರು. ಅಂಚಿನಲ್ಲಿ ಹಸಿರು ಶಾಯಿಯಲ್ಲಿ, "ಈಗಿರುವ ಪದ್ಧತಿಯೇ ಮುಂದುವರಿಯಲಿ" ಎಂದಿತ್ತು. ಮೆಟ್ಟಿಲಲ್ಲಿ ಸಿಕ್ಕಾಗ ನಿರ್ದೇಶಕರು ನಿಂತು, ದನಿ ತಗ್ಗಿಸಿ ಹೇಳಿದರು: "ತಂತಿ ಬೇಡ ಶೇಕಡಕ್ಕ. ಅದು ಬೆಳೆಯಲ್ಲ."

ಭಾವನ ನೌಕರಿಯ ಕೊನೆಯ ವಾರದಲ್ಲೇ ಹಗ್ಗದ ದಿನ ಬಂತು. ಹೊಸ ನಾರಿನ ಸುರುಳಿಗಳು ಕಾರಿಡಾರಿನಲ್ಲಿ ಬಿದ್ದಿದ್ದವು, ಮೂಗಿಗೆ ಒಣಹುಲ್ಲಿನ ವಾಸನೆ ಹೊಡೆಯುತ್ತಿತ್ತು. ಮಿಕ್ಕವರೆಲ್ಲ ಊಟಕ್ಕೆ ಹೋಗಿದ್ದರು. ಭಾವ ಪೆಟ್ಟಿಗೆ ತೆರೆದು ಬಟ್ಟೆ ಬಿಚ್ಚಿದರು. ಅವರು ಆ ತುದಿಗೆ, ನಾನು ಈ ತುದಿಗೆ. ಗೋಡೆಯ ಬುಡದಲ್ಲಿ ಅವರು ಹಾಕಿದ ಪೆನ್ಸಿಲ್ ಗುರುತು ಇನ್ನೂ ಇತ್ತು. ಗುಡಿಸುವಾಗ ಒರೆಸಿಹೋಗದಂತೆ ನಾನೇ ಎರಡು ಸಲ ತಿದ್ದಿದ್ದೆ.

ಒಂದು ತಿಂಗಳಿಂದ ಮನಸ್ಸಿನಲ್ಲಿದ್ದ ಮಾತು ಆಗ ಹೇಳಿದೆ.

"ಭಾವ, ಯಾರೂ ಇಲ್ಲ. ಹೊಸ ಹಗ್ಗಕ್ಕೆ ಗಂಟನ್ನ ಗುರುತಿಗೆ ಸರಿಯಾಗಿ ಹಾಕಿಬಿಡಿ. ತಾಯಿ ಹಗ್ಗ ಹಾಗೇ ಪೆಟ್ಟಿಗೇಲಿರ್ಲಿ. ಯಾರು ಅಳೆದು ನೋಡ್ತಾರೆ? ಹದಿನೆಂಟು ವರ್ಷ ನೋಡದವರು ಈಗ ನೋಡ್ತಾರಾ? ಮುಂದಿನ ವರ್ಷ ನಿಜವಾದ ಅಂಕಿ ತಾನಾಗೇ ಬರುತ್ತೆ."

ಅವರು ಗುರುತಿನ ಬಳಿ ಕೂತು ಅದರ ಮೇಲೆ ಬೆರಳಿಟ್ಟರು. ಹಾಕಿಯೇಬಿಡುತ್ತಾರೆ ಎಂದು ನನಗೆ ಆಸೆಯಾಯಿತು, ದೇವರಾಣೆಗೂ ಆಸೆಯಾಯಿತು.

"ಆಲಿಕಲ್ಲು ಬಿದ್ದ ಜಿಲ್ಲೆ ನೆನಪಿದೆಯಾ?" ಎಂದು ಕೇಳಿದರು.

ನೆನಪಿತ್ತು. ಆರು ವರ್ಷದ ಹಿಂದೆ ಒಂದು ಜಿಲ್ಲೆಯಲ್ಲಿ ಕೊಯ್ಲಿನ ಹೊತ್ತಿಗೆ ಆಲಿಕಲ್ಲು ಮಳೆ ಬಿದ್ದು ಬೆಳೆ ಶೇಕಡಾ ಎಂಟು ಇಳಿದಿತ್ತು. ಇಳಿದದ್ದು ಯಾಕೆ ಎಂದು ಯಾರೂ ಕೇಳಲಿಲ್ಲ. ಧಾನ್ಯ ಬಚ್ಚಿಟ್ಟಿದ್ದಾರೆ ಎಂದು ಸರ್ಕಾರದ ಶೋಧದವರು ಹೋಗಿ ಮನೆ ಮನೆಯ ನೆಲ ಅಗೆದರು, ಬೀಜಕ್ಕೆ ಇಟ್ಟಿದ್ದನ್ನೂ ಬಾಚಿಕೊಂಡು ಬಂದರು. ಅಳತೆಗೆ ಹೋಗಿದ್ದ ಭಾವ ಅದನ್ನು ಕಣ್ಣಾರೆ ನೋಡಿದ್ದರು.

"ಅದು ಎಂಟು" ಎಂದರು. "ಇದು ಹನ್ನೊಂದು. ದೇಶಕ್ಕೆ ದೇಶವೇ. ನಾನು ಈ ಗುರುತಿಗೆ ಗಂಟು ಹಾಕಿದ್ರೆ ಒಂದೊಂದು ಹಳ್ಳೀಲೂ ನೆಲ ಅಗೀತಾರೆ ಕಣಮ್ಮ. ಇಲ್ಲದ ಕಾಳು ಎಲ್ಲಿಂದ ತಂದು ಕೊಡ್ತಾರೆ ಹಳ್ಳಿಯವರು? ಸುಳ್ಳು ಹಗ್ಗ ಉಗ್ರಾಣ ತಿಂತು. ನಿಜದ ಹಗ್ಗ ಬೀಜ ತಿನ್ನುತ್ತೆ."

ಒಂದು ತಪ್ಪನ್ನು ಹದಿನೆಂಟು ವರ್ಷ ನೆಟ್ಟಗೆ ನಡೆಸಿದರೆ ಆಮೇಲೆ ಸರಿಗೇ ಜಾಗವಿರುವುದಿಲ್ಲ ಎಂದು ಅವತ್ತು ಗೊತ್ತಾಯಿತು. ಗೊತ್ತಾಗಿ ಏನು ಬಂತು?

ಭಾವ ಎದ್ದು ನಿಂತರು. ತಮ್ಮ ತುದಿಯನ್ನು ಕೈಗೆ ಒಂದು ಸುತ್ತು ಸುತ್ತಿಕೊಂಡರು.

"ಎಳಿ" ಎಂದರು.

"ಭಾವ, ಮೆಲ್ಲಗೆ ಎಳೀಲಾ? ಇದೊಂದು ಸಲ?"

"ನೀನು ಸಡಿಲ ಬಿಟ್ರೆ ನನ್ನ ಕೈಗೆ ಗೊತ್ತಾಗುತ್ತೆ. ಕೊನೇ ವಾರದಲ್ಲಿ ಕೆಟ್ಟ ಕೆಲಸ ಮಾಡಿದೆ ಅನ್ಸೋದು ಬೇಡ. ಎಳಿ."

ನಾನು ಗೋಡೆಗೆ ಕಾಲು ಕೊಟ್ಟು ಎಳೆದೆ. ಅವರು ಹೊಸ ಹಗ್ಗವನ್ನು ಪಕ್ಕಕ್ಕೆ ಹಾಸಿಕೊಂಡು, ಗಂಟಿಗೆ ಸರಿಯಾಗಿ ಗಂಟು ಹಾಕುತ್ತಾ ಹೋದರು. ಊಟಕ್ಕೆ ಹೋದವರು ಬಂದರು, ಮತ್ತೆ ಸಂಜೆ ಚಹಾಕ್ಕೆ ಹೋದರು. ನಾವು ಬಿಡಲಿಲ್ಲ. ಎಲ್ಲ ಹಗ್ಗ ಮುಗಿದಾಗ ನನ್ನ ಅಂಗೈಯ ಚರ್ಮ ಎದ್ದಿತ್ತು.

ತಾಯಿ ಹಗ್ಗವನ್ನು ಪೆಟ್ಟಿಗೆಗೆ ಹಾಕುವ ಮೊದಲು ಭಾವ ಅದನ್ನು ಗೋಡೆಯ ಬುಡಕ್ಕೆ ಹಾಸಿದರು. ಒಂದು ಗಂಟನ್ನು ನಾನು ಮೊದಲ ಗುರುತಿನ ಮೇಲೆ ಒತ್ತಿ ಹಿಡಿದೆ. ಅವರು ಇನ್ನೊಂದು ಗುರುತಿನ ಬಳಿ ಮಂಡಿಯೂರಿ ಗೇಣು ಹಾಕಿದರು. ಅದರಾಚೆ ನಾಲ್ಕು ಬೆರಳು ಇಟ್ಟರು. ಗಂಟು ಸಿಗಲಿಲ್ಲ. ಹೆಬ್ಬೆರಳನ್ನೂ ಪಕ್ಕಕ್ಕೆ ಜೋಡಿಸಿದರು. ಆಗ ಸಿಕ್ಕಿತು.

"ಗೇಣು ಮೇಲೆ ಐದು ಬೆರಳು" ಎಂದರು ಭಾವ. ಹಗ್ಗ ಸುತ್ತಿ, ಬಟ್ಟೆ ಮುಚ್ಚಿ, ಪೆಟ್ಟಿಗೆಯ ಚಿಲಕ ಹಾಕಿ, ಕರವಸ್ತ್ರಕ್ಕೆ ಎಂಜಲು ಹಚ್ಚಿ ಗೋಡೆಯ ಎರಡೂ ಗುರುತು ಒರೆಸಿದರು. "ಹೋಗಮ್ಮ, ಬರ್ಕೋ. ಮುಂದಿನ ವರ್ಷವೂ ಬೆಳೆ ಚೆನ್ನಾಗಿದೆ."